ವಿದ್ಯುತ್ತಿನ ಲೆಕ್ಕಿಗ: ಚಾರ್ಲ್ಸ್ ಸ್ಟೈನ್‌ಮೆಟ್ಸ್

೧

ಎಂಜಿನಿಯರರ ಕೂಟಗಳಲ್ಲಿ ಬಹುಕಾಲದಿಂದ ಹೇಳಿಕೊಂಡು ಬಂದಿರುವ ಕಥೆಯೊಂದುಂಟು. ಒಂದು ದೊಡ್ಡ ಕಾರ್ಖಾನೆಯಲ್ಲಿ ವಿದ್ಯುತ್ತನ್ನು ಹುಟ್ಟಿಸುವ ಯಂತ್ರವೊಂದು ಸರಿಯಾಗಿ ನಡೆಯದಾಯಿತು. ಅಲ್ಲಿದ್ದ ತಜ್ಞರಾರಿಗೂ ದೋಷವಾವುದೆಂದು ತಿಳಿಯಲಿಲ್ಲ. ಹೊರಗಿನಿಂದ ಕರೆಸಿದ ಗೂನುಬೆನ್ನಿನ ಕುಳ್ಳ ಮನುಷ್ಯನೊಬ್ಬನು ಯಂತ್ರದ ಪಕ್ಕದಲ್ಲಿ ಎರಡು ದಿನ ಕುಳಿತು, ಅದರ ಸದ್ದನ್ನು ಆಲಿಸಿ, ಕಾಗದದ ಮೇಲೆ ಲೆಕ್ಕ ಹಾಕಿ, ಕೊನೆಗೆ ಯಂತ್ರದ ಮೈಮೇಲೆ ಸೀಮೆಸುಣ್ಣದಿಂದ ಒಂದು ಗೆರೆಯನ್ನು ಎಳೆದನು. ಆ ಸ್ಥಳವನ್ನು ಬಿಚ್ಚಿ ಕೆಲವು ಸುತ್ತು ತಂತಿಯನ್ನು ತೆಗೆದೊಡನೆ ಯಂತ್ರ ನೆಟ್ಟಗಾಯಿತು. ಆತನು ಕಳುಹಿಸಿದ ಬಿಲ್ಲು ೧೦,೦೦೦ ಡಾಲರಿನದು. ವಿವರ ಕೇಳಿದ್ದಕ್ಕೆ ಹೀಗೆ ಬರೆದುಕೊಟ್ಟನು: ಗೆರೆ ಎಳೆದುದಕ್ಕೆ ೧ ಡಾಲರು, ಎಲ್ಲಿ ಎಳೆಯಬೇಕೆಂದು ತಿಳಿದಿದ್ದುದಕ್ಕೆ ೯,೯೯೯ ಡಾಲರು.

ಈ ಕಥೆಯ ನಾಯಕನು ಚಾರ್ಲ್ಸ್ ಪ್ರೋಟಿಯಸ್ ಸ್ಟೈನ್‌ಮೆಟ್ಸ್. ಹೇಳುವವರ ಬಾಯಲ್ಲಿ ಹಣದ ಮೊತ್ತವೂ ಬದಲಾಗುತ್ತದೆ, ಯಂತ್ರವೂ ಬದಲಾಗುತ್ತದೆ. ಆದುದರಿಂದ ಇದನ್ನು ದಂತಕಥೆಯೆಂದೇ ಎಣಿಸಬೇಕು. ಲೆಕ್ಕಪತ್ರಗಳನ್ನು ತಾಳೆ ನೋಡುವುದೇ ವೃತ್ತಿಯಾಗಿರುವ ನನ್ನಂಥ ಬ್ಯಾಂಕಿನವನಿಗೆ ರಶೀದಿಯಿಲ್ಲದ ಈ ಬಿಲ್ಲನ್ನು ಪುಸ್ತಕಕ್ಕೆ ಏರಿಸಲು ಮನಸ್ಸು ಬಾರದು. ಆದರೆ ನನ್ನ ಮುಖ್ಯ ಆಕ್ಷೇಪಣೆ ಅದರ ನೀತಿಯನ್ನು ಕುರಿತದ್ದು. ಗೆರೆಯನ್ನು ಎಲ್ಲಿ ಎಳೆಯಬೇಕೆಂಬ ಅರಿವು ಒಬ್ಬನ ತಲೆಯಲ್ಲಿ ಹುದುಗಿರುವ ನಿಧಿ, ಅದಕ್ಕೆ ಆತನು ಕೇಳಿದಷ್ಟು ಬೆಲೆ ತೆರಬೇಕು ಎಂದು ಕಥೆ ಸಾರುತ್ತದೆ. ಸ್ಟೈನ್‌ಮೆಟ್ಸನ ನಿಜಜೀವನ ಇದಕ್ಕೆ ವಿರುದ್ಧವಾದ ಸಾಕ್ಷ್ಯವನ್ನು ನುಡಿಯುತ್ತದೆ. ಆ ಗೆರೆಯ ಸ್ಥಾನವನ್ನು ಸಾಮಾನ್ಯ ವಿದ್ಯಾರ್ಥಿಯೂ ಲೆಕ್ಕದಿಂದ ತಾನೇ ಕಂಡುಕೊಳ್ಳುವಂತೆ ಮಾಡಲು ಆತನು ಮೂವತ್ತು ವರ್ಷ ದುಡಿದನು. ಅದು ಹೇಗೆಂಬುದನ್ನು ಕನ್ನಡ ವಾಚಕರ ಮುಂದೆ ಇಡುವುದು ಈ ಲೇಖನದ ಉದ್ದೇಶ.

೨

ಸ್ಟೈನ್‌ಮೆಟ್ಸನು ೧೮೬೫ರ ಏಪ್ರಿಲ್ ೯ರಂದು ಬ್ರೆಸ್ಲೌ ನಗರದಲ್ಲಿ ಜನಿಸಿದನು. ಆಗ ಪ್ರಷ್ಯಕ್ಕೆ ಸೇರಿದ್ದ ಆ ಊರು ಎರಡನೆಯ ಮಹಾಯುದ್ಧದ ತರುವಾಯ ಪೋಲೆಂಡಿನದಾಗಿ, ವ್ರೊಟ್ಸ್‌ವಾಫ್ ಎಂಬ ಹೆಸರನ್ನು ಪಡೆದಿದೆ. ತಂದೆ ರೈಲ್ವೆಯಲ್ಲಿ ಕಲ್ಲಚ್ಚಿನ ಕೆಲಸ ಮಾಡುತ್ತಿದ್ದನು. ಗೂನುಬೆನ್ನು ತಾತನಿಗೂ ತಂದೆಗೂ ಇದ್ದುದೇ. ಮಗನಿಗೂ ಅದು ಬಂದಿತು. ಬೆಳೆದಾಗ ಆತನ ಎತ್ತರ ನಾಲ್ಕಡಿಯ ಆಸುಪಾಸು. ತಾಯಿ ಮಗುವಿನ ಶೈಶವದಲ್ಲಿಯೇ ತೀರಿಹೋಗಿದ್ದಳು.

ಬ್ರೆಸ್ಲೌ ವಿಶ್ವವಿದ್ಯಾಲಯದಲ್ಲಿ ಆತನ ವ್ಯಾಸಂಗದ ವಿಷಯ ಗಣಿತ. ವಿದ್ಯಾರ್ಥಿಮಿತ್ರರು ಆತನಿಗೆ ಪ್ರೋಟಿಯಸ್ ಎಂದು ಅಡ್ಡಹೆಸರಿಟ್ಟರು. ಗ್ರೀಕ್ ಪುರಾಣದಲ್ಲಿ ಪ್ರೋಟಿಯಸ್ ಎಂಬವನು ಕಡಲಿನ ಮುದುಕ. ಹಿಡಿಯಹೋದವನ ಕೈಯಲ್ಲಿ ಸಿಂಹವಾಗಿ, ಸರ್ಪವಾಗಿ, ನೀರಾಗಿ, ಮರವಾಗಿ ರೂಪ ಬದಲಿಸುವವನು. ಆದರೂ ಬಿಡದೆ ಹಿಡಿದವನಿಗೆ ನಿಜವನ್ನು ನುಡಿಯುವವನು. ಕ್ಷಣಕ್ಷಣಕ್ಕೂ ದಿಕ್ಕು ಬದಲಿಸುವ ವಿದ್ಯುತ್ತನ್ನು ಹಿಡಿದು ನಿಜ ನುಡಿಸಲಿದ್ದವನಿಗೆ ಆ ಹೆಸರು ಮುಂದೆ ಚೆನ್ನಾಗಿಯೇ ಒಪ್ಪಿತು. ಅಮೆರಿಕಕ್ಕೆ ಬಂದಮೇಲೆ ಆತನು ತನ್ನ ಹೆಸರಿನ ನಡುವೆ ಅದನ್ನು ತಾನಾಗಿಯೇ ಸೇರಿಸಿಕೊಂಡನು.

ಗಣಿತದ ಜತೆಗೆ ಆತನನ್ನು ಸೆಳೆದ ಇನ್ನೊಂದು ವಿಷಯ ಸಮಾಜವಾದ. ಬಿಸ್ಮಾರ್ಕನು ೧೮೭೮ರಲ್ಲಿ ಸಮಾಜವಾದಿಗಳ ವಿರುದ್ಧ ಕಠಿಣವಾದ ಕಾನೂನನ್ನು ತಂದಿದ್ದ ಕಾಲವದು. ಆ ಪಕ್ಷದ ಪತ್ರಿಕೆಯೊಂದರ ಸಂಪಾದನೆಗೆ ಕೈಹಾಕಿದ ತರುಣನು ಪೋಲೀಸರ ಕಣ್ಣಿಗೆ ಬಿದ್ದನು. ಡಾಕ್ಟರ್ ಪದವಿ ಇನ್ನೇನು ಕೈಗೆ ಬರಬೇಕೆನ್ನುವಷ್ಟರಲ್ಲಿ, ೧೮೮೮ರಲ್ಲಿ, ಊರನ್ನೂ ಪದವಿಯನ್ನೂ ಬಿಟ್ಟು ಸ್ವಿಟ್ಸರ್ಲೆಂಡಿನ ಜೂರಿಕ್ ನಗರಕ್ಕೆ ಓಡಬೇಕಾಯಿತು. ಅಲ್ಲಿ ಕೆಲವು ಕಾಲ ಯಂತ್ರಶಾಸ್ತ್ರವನ್ನು ಓದಿ, ೧೮೮೯ರಲ್ಲಿ ಆಸ್ಮುಸ್ಸೆನ್ ಎಂಬ ಗೆಳೆಯನೊಡನೆ ಹಡಗು ಹತ್ತಿ ನ್ಯೂಯಾರ್ಕಿನಲ್ಲಿ ಇಳಿದನು. ಕೈಯಲ್ಲಿ ಹಣವಿಲ್ಲ, ಇಂಗ್ಲಿಷು ನೆಟ್ಟಗೆ ಬಾರದು, ಶರೀರ ವಿಕಲವಾದದ್ದು. ಬಂದರಿನ ಅಧಿಕಾರಿಗಳು ಒಳಗೆ ಬಿಡಲು ಹಿಂದುಮುಂದು ನೋಡಿದರು. ಗೆಳೆಯನು ಆತನ ಹೊಣೆಯನ್ನು ಹೊತ್ತಮೇಲೆಯೇ ಬಾಗಿಲು ತೆರೆಯಿತು. ಹುಟ್ಟೂರನ್ನು ಬಿಟ್ಟು, ಭಾಷೆ ಬೇರೆಯಾದ ನಗರದಲ್ಲಿ ಯಾರೋ ಒಬ್ಬರ ಪರಿಚಯದ ಮಾತಿನಿಂದ ನೆಲೆ ಕಂಡುಕೊಂಡ ನಮ್ಮಂಥವರಿಗೆ ಆ ಗಳಿಗೆಯನ್ನು ಬಿಡಿಸಿ ಹೇಳಬೇಕಾದುದಿಲ್ಲ.

ಕೆಲಸ ದೊರೆತದ್ದು ನ್ಯೂಯಾರ್ಕಿನ ಹತ್ತಿರದ ಯಾಂಕರ್ಸ್ ಎಂಬ ಊರಿನ ರುಡಾಲ್ಫ್ ಐಕೆಮೇಯರನ ಕಾರ್ಖಾನೆಯಲ್ಲಿ. ಐಕೆಮೇಯರನೂ ೧೮೪೮ರ ಕ್ರಾಂತಿಯ ತರುವಾಯ ಜರ್ಮನಿಯನ್ನು ಬಿಟ್ಟುಬಂದವನೇ. ಟೋಪಿ ತಯಾರಿಸುವ ಯಂತ್ರಗಳಿಂದ ಹಣ ಗಳಿಸಿ, ಆಮೇಲೆ ವಿದ್ಯುದ್ಯಂತ್ರಗಳತ್ತ ತಿರುಗಿದ್ದನು. ವಾರಕ್ಕೆ ೧೨ ಡಾಲರಿನ ನಕಾಶೆಗಾರನಾಗಿ ಸೇರಿದ ಸ್ಟೈನ್‌ಮೆಟ್ಸನ ಗಣಿತದ ಶಕ್ತಿಯನ್ನು ಆತನು ಬೇಗನೆ ಗುರುತಿಸಿ, ಪ್ರಯೋಗಗಳಿಗೆ ಅನುಕೂಲ ಕಲ್ಪಿಸಿಕೊಟ್ಟನು.

೩

ಸ್ಟೈನ್‌ಮೆಟ್ಸನು ಮಾಡಿದ ಕೆಲಸದ ಬೆಲೆಯನ್ನು ಅರಿಯಬೇಕಾದರೆ ಅಂದಿನ ವಿದ್ಯುತ್ತಿನ ಸ್ಥಿತಿಯನ್ನು ಸ್ವಲ್ಪ ತಿಳಿಯಬೇಕು. ವಿದ್ಯುತ್ತನ್ನು ದೂರಕ್ಕೆ ಸಾಗಿಸುವಾಗ ತಂತಿ ಬಿಸಿಯಾಗಿ ಶಕ್ತಿ ನಷ್ಟವಾಗುತ್ತದೆ. ಈ ನಷ್ಟ ಪ್ರವಾಹದ ವರ್ಗಕ್ಕೆ ಅನುಸಾರವಾದುದು: ಪ್ರವಾಹ ಎರಡರಷ್ಟಾದರೆ ನಷ್ಟ ನಾಲ್ಕರಷ್ಟು. ೧೦೦ ಕಿಲೊವಾಟ್ ಶಕ್ತಿಯನ್ನು ೧,೦೦೦ ವೋಲ್ಟಿನಲ್ಲಿ ಕಳುಹಿಸಿದರೆ ೧೦೦ ಆಂಪೇರ್ ಹರಿಯಬೇಕು. ೧೦,೦೦೦ ವೋಲ್ಟಿನಲ್ಲಿ ಕಳುಹಿಸಿದರೆ ೧೦ ಆಂಪೇರ್ ಸಾಕು. ಅದೇ ತಂತಿಯಲ್ಲಿ ನಷ್ಟ ನೂರರಲ್ಲೊಂದು ಪಾಲಿಗೆ ಇಳಿಯುತ್ತದೆ. ಆದಕಾರಣ ಕಳುಹಿಸುವಾಗ ವೋಲ್ಟೇಜನ್ನು ಏರಿಸಬೇಕು, ಮನೆಗೆ ಕೊಡುವಾಗ ಇಳಿಸಬೇಕು. ಈ ಕೆಲಸವನ್ನು ಸುಲಭವಾಗಿ ಮಾಡುವ ಸಾಧನ ಟ್ರಾನ್ಸ್‌ಫಾರ್ಮರು. ಅದು ದಿಕ್ಕು ಬದಲಿಸುತ್ತಿರುವ ಪರ್ಯಾಯ ಪ್ರವಾಹದಲ್ಲಿ ಮಾತ್ರ ನಡೆಯುತ್ತದೆ. ಒಂದೇ ದಿಕ್ಕಿನಲ್ಲಿ ಹರಿಯುವ ಏಕಮುಖ ಪ್ರವಾಹಕ್ಕೆ ಅದು ಒಗ್ಗದು.

ಪರ್ಯಾಯ ಪ್ರವಾಹಕ್ಕೆ ಎರಡು ತೊಡಕುಗಳಿದ್ದವು. ಮೊದಲನೆಯದು ಕಬ್ಬಿಣದ್ದು. ಟ್ರಾನ್ಸ್‌ಫಾರ್ಮರಿನ ಒಡಲಲ್ಲಿರುವ ಕಬ್ಬಿಣ ಒಂದು ದಿಕ್ಕಿಗೊಮ್ಮೆ, ಎದುರು ದಿಕ್ಕಿಗೊಮ್ಮೆ ಕಾಂತತ್ವವನ್ನು ಪಡೆಯಬೇಕು. ಕಬ್ಬಿಣವೋ ಹಿಂದಿನ ಕಾಂತತ್ವವನ್ನು ಒಡನೆಯೇ ಬಿಟ್ಟುಕೊಡದೆ ಹಿಂದೆ ಬೀಳುತ್ತದೆ. ಈ ಹಿಂದೆ ಬೀಳುವಿಕೆಗೆ ಹಿಸ್ಟರೀಸಿಸ್ ಎಂದು ಹೆಸರು. ಪ್ರತಿಯೊಂದು ಸುತ್ತಿನಲ್ಲಿಯೂ ಕೊಂಚ ಶಕ್ತಿ ಶಾಖವಾಗಿ ಸೋರುತ್ತದೆ. ಎಷ್ಟು ಸೋರುತ್ತದೆಂದು ಮುಂದಾಗಿ ಹೇಳುವ ದೃಢವಾದ ನಿಯಮವಿರಲಿಲ್ಲ; ಯಂತ್ರವನ್ನು ಕಟ್ಟಿ, ನಡೆಸಿ, ಬಿಸಿಯಾದರೆ ಬಿಚ್ಚಿ ಮತ್ತೆ ಕಟ್ಟಬೇಕಾಗುತ್ತಿತ್ತು.

ಸ್ಟೈನ್‌ಮೆಟ್ಸನು ಇತರರು ಮಾಡಿದ್ದ ಅಳತೆಗಳನ್ನು ಕೂಡಿಸಿಕೊಂಡು, ತಾನೂ ಅನೇಕ ಬಗೆಯ ಕಬ್ಬಿಣವನ್ನು ಪರೀಕ್ಷಿಸಿ, ೧೮೯೨ರ ಜನವರಿಯಲ್ಲಿ ಅಮೆರಿಕದ ವಿದ್ಯುತ್ ಎಂಜಿನಿಯರರ ಸಂಸ್ಥೆಯ ಮುಂದೆ ಒಂದು ನಿಯಮವನ್ನು ಮಂಡಿಸಿದನು. ಒಂದು ಸುತ್ತಿನ ನಷ್ಟವು ಕಾಂತಸಾಂದ್ರತೆಯ ೧.೬ನೆಯ ಘಾತಕ್ಕೆ ಅನುಸಾರವಾಗಿರುತ್ತದೆ. ಎಂದರೆ ಸಾಂದ್ರತೆಯನ್ನು ಇಮ್ಮಡಿ ಮಾಡಿದರೆ ನಷ್ಟ ಸುಮಾರು ಮುಮ್ಮಡಿಯಾಗುತ್ತದೆ. ಇದು ಅಳತೆಗಳಿಂದ ಹೆಕ್ಕಿ ತೆಗೆದ ನಿಯಮ; ತತ್ತ್ವದಿಂದ ಸಾಧಿಸಿದುದಲ್ಲ. ಎಲ್ಲ ಲೋಹಗಳಿಗೂ ಎಲ್ಲ ಸಾಂದ್ರತೆಗಳಿಗೂ ೧.೬ ಎಂಬ ಅಂಕ ಸಲ್ಲದೆಂಬುದು ಮುಂದೆ ತಿಳಿದುಬಂದಿತು. ಆದರೂ ಇಪ್ಪತ್ತೇಳರ ಹರೆಯವೂ ತುಂಬದ ವಲಸಿಗನು ಕಟ್ಟುವ ಮುನ್ನವೇ ಯಂತ್ರದ ಖರ್ಚನ್ನು ಎಣಿಸುವ ದಾರಿಯನ್ನು ತೋರಿಸಿದ್ದನು. ತಿದ್ದುಪಡಿಗಳೊಡನೆ ಇಂದಿಗೂ ಬಳಕೆಯಲ್ಲಿರುವ ಆ ಸೂತ್ರಕ್ಕೆ ಆತನದೇ ಹೆಸರಿದೆ.

೪

ಎರಡನೆಯ ತೊಡಕು ಲೆಕ್ಕದ್ದು. ಏಕಮುಖ ಪ್ರವಾಹದಲ್ಲಿ ೩ಕ್ಕೆ ೪ನ್ನು ಕೂಡಿದರೆ ೭. ಪರ್ಯಾಯ ಪ್ರವಾಹದಲ್ಲಿ ೩ಕ್ಕೆ ೪ನ್ನು ಕೂಡಿದರೆ ಒಮ್ಮೆ ೭ ಬರಬಹುದು, ಒಮ್ಮೆ ೫, ಒಮ್ಮೆ ೧. ಕಾರಣವಿಷ್ಟೆ: ಅಲ್ಲಿ ವೋಲ್ಟೇಜೂ ಪ್ರವಾಹವೂ ಅಲೆಗಳಂತೆ ಏರಿಳಿಯುತ್ತಿರುತ್ತವೆ, ಒಂದು ಅಲೆ ಶಿಖರದಲ್ಲಿರುವಾಗ ಇನ್ನೊಂದು ಹಿಂದುಳಿದಿರಬಹುದು. ಸುರುಳಿ ಸುತ್ತಿದ ತಂತಿಯಲ್ಲಿ ಪ್ರವಾಹದ ಅಲೆ ವೋಲ್ಟೇಜಿನ ಅಲೆಗಿಂತ ಕಾಲು ಸುತ್ತಿನವರೆಗೂ ಹಿಂದೆ ಬೀಳುತ್ತದೆ. ಇದನ್ನೆಲ್ಲ ಕ್ಷಣಕ್ಷಣದ ಸಮೀಕರಣಗಳಿಂದ ಬಿಡಿಸುವುದು ಬಲ್ಲ ಗಣಿತಜ್ಞರಿಗೂ ದಣಿವಿನ ಕೆಲಸವಾಗಿತ್ತು.

೧೮೯೩ರ ಆಗಸ್ಟಿನಲ್ಲಿ ಷಿಕಾಗೋ ನಗರದಲ್ಲಿ ನಡೆದ ಅಂತರರಾಷ್ಟ್ರೀಯ ವಿದ್ಯುತ್ ಸಮ್ಮೇಳನದಲ್ಲಿ ಸ್ಟೈನ್‌ಮೆಟ್ಸನು ಒಂದು ಉಪಾಯವನ್ನು ವಿವರಿಸಿದನು. ಗಣಿತಜ್ಞರು ಬಹುಕಾಲದಿಂದ ಬಲ್ಲ ಸಂಮಿಶ್ರ ಸಂಖ್ಯೆಗಳನ್ನು ಈ ಲೆಕ್ಕಕ್ಕೆ ಬಳಸಬಹುದೆಂಬುದೇ ಆ ಉಪಾಯ. ಋಣ ಒಂದರ ವರ್ಗಮೂಲವನ್ನು ಕಾಲ್ಪನಿಕವೆಂದು ಕರೆಯುವುದುಂಟು. ಹೆಸರು ಕೇಳಿದವರು ಬೆದರುವುದೂ ಉಂಟು. ಆದರೆ ಅದರಲ್ಲಿ ಮಾಯೆಯೇನೂ ಇಲ್ಲ. ಪೂರ್ವಕ್ಕೆ ಮುಖ ಮಾಡಿ ನಿಂತವನನ್ನು ಋಣ ಒಂದರಿಂದ ಗುಣಿಸುವುದೆಂದರೆ ಪಶ್ಚಿಮಕ್ಕೆ ತಿರುಗಿಸುವುದು, ಅರ್ಧ ಸುತ್ತು. ಯಾವ ಕ್ರಿಯೆಯನ್ನು ಎರಡು ಸಲ ಮಾಡಿದರೆ ಅರ್ಧ ಸುತ್ತಾಗುವುದೋ ಅದು ಕಾಲು ಸುತ್ತು. ಆ ಕಾಲು ಸುತ್ತಿಗೆ ಎಂಜಿನಿಯರರು ಇಟ್ಟಿರುವ ಗುರುತು 'ಜೆ'. ವಿದ್ಯುತ್ತಿನ ಅಲೆ ಕಾಲು ಸುತ್ತು ಹಿಂದುಮುಂದಾಗುವುದನ್ನು ತಿಳಿಸಲು ಇದಕ್ಕಿಂತ ಚೊಕ್ಕವಾದ ಗುರುತು ಬೇರೆ ಬೇಕಿಲ್ಲ.

ನಮ್ಮ ಖಾತೆಯ ಪುಸ್ತಕದಲ್ಲಿ ಎರಡು ಕಲಮುಗಳನ್ನು ಬೇರೆಬೇರೆಯಾಗಿ ಕೂಡುವಂತೆ ಇಲ್ಲಿಯೂ ಎರಡು ಕಲಮುಗಳು: ಒಂದು ಸಾಧಾರಣ ಸಂಖ್ಯೆಯದು, ಇನ್ನೊಂದು 'ಜೆ' ಗುರುತಿನದು. ಒಂದು ಉದಾಹರಣೆಯನ್ನು ನೋಡೋಣ. ಒಂದು ಸುರುಳಿಯ ರೋಧ ೩ ಓಮ್. ಅಲೆಯನ್ನು ಹಿಂದೆ ತಳ್ಳುವ ಅದರ ಪ್ರತಿರೋಧ ೪ ಓಮ್. ಇದನ್ನು ೩ + ಜೆ೪ ಎಂದು ಬರೆಯುತ್ತೇವೆ. ಒಟ್ಟು ತಡೆ ೭ ಆಗದು. ೩ ಮತ್ತು ೪ ಬಾಹುಗಳುಳ್ಳ ಆಯತದ ಕರ್ಣದಷ್ಟು, ಎಂದರೆ ೫ ಓಮ್ ಆಗುವುದು. ಬೌಧಾಯನ ಶುಲ್ಬಸೂತ್ರವನ್ನು ಬಲ್ಲವರಿಗೆ ಈ ಕರ್ಣದ ನಿಯಮ ಹೊಸದಲ್ಲ. ಸುರುಳಿಗೆ ೧೦೦ ವೋಲ್ಟನ್ನು ಕೊಟ್ಟರೆ ಹರಿಯುವ ಪ್ರವಾಹ ೨೦ ಆಂಪೇರ್. ೧೦೦ನ್ನು ೩ + ಜೆ೪ರಿಂದ ಭಾಗಿಸಿದರೆ ೧೨ − ಜೆ೧೬ ಎಂಬ ಉತ್ತರ ಬರುತ್ತದೆ. ೧೨ ಎಂಬ ಭಾಗ ವೋಲ್ಟೇಜಿನೊಡನೆ ಹೆಜ್ಜೆ ಹಾಕುವ ಪ್ರವಾಹ; ನಿಜವಾಗಿ ವ್ಯಯವಾಗುವ ಶಕ್ತಿ ಅದರಿಂದ ೧,೨೦೦ ವಾಟ್. ೧೬ ಎಂಬ ಭಾಗ ಕಾಲು ಸುತ್ತು ಹಿಂದೆ ಬಿದ್ದದ್ದು. ಅದು ಬಂದು ಹಿಂದಿರುಗುವ ಕೈಸಾಲದಂತೆ ತಂತಿಯಲ್ಲಿ ಓಡಾಡಿ ದಾರಿಯನ್ನು ಬಿಸಿಮಾಡುತ್ತದೆಯೇ ಹೊರತು ದುಡಿಮೆಗೆ ಒದಗುವುದಿಲ್ಲ. ಕೂಡುವುದು, ಕಳೆಯುವುದು, ಗುಣಿಸುವುದು, ಭಾಗಿಸುವುದು, ಇಷ್ಟು ಬಲ್ಲವನಿಗೆ ಈಗ ಪರ್ಯಾಯ ಪ್ರವಾಹ ವಶವಾಯಿತು.

ಈ ಹಾದಿಯಲ್ಲಿ ನಡೆದವನು ಆತನೊಬ್ಬನೇ ಅಲ್ಲವೆಂಬುದನ್ನೂ ಹೇಳಬೇಕು. ಇಂಗ್ಲೆಂಡಿನ ಆಲಿವರ್ ಹೆವಿಸೈಡ್ ಇದೇ ದಿಕ್ಕಿನಲ್ಲಿ ಆಲೋಚಿಸಿದ್ದನು. ಅದೇ ೧೮೯೩ರ ಏಪ್ರಿಲಿನಲ್ಲಿ ಆರ್ಥರ್ ಕೆನೆಲಿ ಎಂಬ ಎಂಜಿನಿಯರನು ಇಂಥ ಸಂಖ್ಯೆಗಳನ್ನೇ ಬಳಸಿ ಅಮೆರಿಕದಲ್ಲಿ ಪ್ರಬಂಧವೊಂದನ್ನು ಓದಿದ್ದನು. ಈ ಕೆನೆಲಿ ಜನಿಸಿದ್ದು ೧೮೬೧ರಲ್ಲಿ, ಮುಂಬಯಿಯ ಕೊಲಾಬಾದಲ್ಲಿ ಎಂಬುದು ಇಲ್ಲಿನ ಕನ್ನಡಿಗರಿಗೆ ಕುತೂಹಲಕರವಾಗಿ ತೋರಬಹುದು. ಸ್ಟೈನ್‌ಮೆಟ್ಸನ ವಿಶೇಷವಿರುವುದು ಆ ಉಪಾಯವನ್ನು ಸಮಗ್ರವಾದ ಪದ್ಧತಿಯನ್ನಾಗಿ ಬೆಳೆಸಿ, ಅದನ್ನು ಪಾಠವಾಗಿ ಮಾಡಿದುದರಲ್ಲಿ.

೫

ಅದೇ ಸುಮಾರಿಗೆ ಜನರಲ್ ಎಲೆಕ್ಟ್ರಿಕ್ ಕಂಪನಿ ಐಕೆಮೇಯರನ ಉದ್ಯಮವನ್ನು ಕೊಂಡಿತು. ಸ್ಟೈನ್‌ಮೆಟ್ಸನೂ ಅದರೊಡನೆ ಹೋಗಿ, ೧೮೯೪ರಲ್ಲಿ ನ್ಯೂಯಾರ್ಕ್ ಸಂಸ್ಥಾನದ ಸ್ಕೆನೆಕ್ಟಡಿಯಲ್ಲಿ ನೆಲೆಸಿದನು. ಉಳಿದ ಆಯುಷ್ಯವೆಲ್ಲ ಆ ಊರಿನಲ್ಲಿಯೇ ಕಳೆಯಿತು.

ಸ್ಕೆನೆಕ್ಟಡಿಗೂ ನಮ್ಮ ನಾಡಿಗೂ ಒಂದು ನಂಟುಂಟು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಮೈಸೂರು ಸಂಸ್ಥಾನ ಕೈಗೊಂಡ ಶಿವನಸಮುದ್ರದ ಯೋಜನೆಗೆ ವಿದ್ಯುದ್ಯಂತ್ರಗಳು ಬಂದದ್ದು ಜನರಲ್ ಎಲೆಕ್ಟ್ರಿಕ್ ಕಂಪನಿಯಿಂದ. ನೀರಿನ ಚಕ್ರಗಳು ಬಂದದ್ದು ಜೂರಿಕ್ ನಗರದ ಎಷರ್ ವೀಸ್ ಕಂಪನಿಯಿಂದ. ೧೯೦೨ರ ಜೂನಿನಲ್ಲಿ ಕಾವೇರಿಯ ಶಕ್ತಿ ೯೨ ಮೈಲಿ ದೂರದ ಕೋಲಾರದ ಚಿನ್ನದ ಗಣಿಗಳನ್ನು ಮುಟ್ಟಿತು. ೧೯೦೫ರ ಆಗಸ್ಟ್ ೫ರಂದು ಬೆಂಗಳೂರಿನ ಬೀದಿಗಳಲ್ಲಿ ವಿದ್ಯುದ್ದೀಪ ಬೆಳಗಿತು. ಆ ಯೋಜನೆಯನ್ನು ಸ್ಟೈನ್‌ಮೆಟ್ಸನು ರೂಪಿಸಿದನೆಂದು ಹೇಳಬೇಕಾದುದಿಲ್ಲ. ನನ್ನ ವಾದಕ್ಕೆ ಅದು ಬೇಕಾಗಿಯೂ ಇಲ್ಲ. ಇಂಥ ದೂರದ ಮಾರ್ಗಗಳನ್ನು ಲೆಕ್ಕ ಹಾಕಿ ಕಟ್ಟಬಲ್ಲ ಎಂಜಿನಿಯರರ ಪೀಳಿಗೆಯೊಂದು ಆಗ ಲೋಕದ ನಾನಾ ಕಡೆ ಸಿದ್ಧವಾಗುತ್ತಿತ್ತು. ಜಲಪಾತದ ಬಳಿಗೆ ಮಾಂತ್ರಿಕನೇ ಬಂದು ಗೆರೆ ಎಳೆಯಬೇಕಾದ ಕಾಲ ಮುಗಿಯುತ್ತಿತ್ತು.

ಆ ಪೀಳಿಗೆಯನ್ನು ಸಿದ್ಧಪಡಿಸಿದ್ದರಲ್ಲಿ ಆತನ ಗ್ರಂಥಗಳ ಪಾಲು ದೊಡ್ಡದು. ಇಂಗ್ಲಿಷು ಬಾರದೆ ಬಂದರಿನಲ್ಲಿ ತಡವರಿಸಿದವನು ಎಂಟು ವರ್ಷಗಳಲ್ಲಿ, ೧೮೯೭ರಲ್ಲಿ, ಅರ್ನ್ಸ್ಟ್ ಬರ್ಗನ ನೆರವಿನಿಂದ ಪರ್ಯಾಯ ಪ್ರವಾಹವನ್ನು ಕುರಿತ ಮಹಾಗ್ರಂಥವನ್ನು ಆ ಭಾಷೆಯಲ್ಲಿಯೇ ಹೊರತಂದನು. ಅದು ಕಠಿಣವಾದ ಪುಸ್ತಕ. ಅದನ್ನು ಓದಲು ಬೇಕಾದ ತಳಹದಿಯೇ ವಿದ್ಯಾರ್ಥಿಗಳಿಗೆ ಇಲ್ಲದಿದ್ದರೆ ಮಾಡುವುದೇನು? ವಿದ್ವಾಂಸರಲ್ಲಿ ಬಹುಮಂದಿ ವಿದ್ಯಾರ್ಥಿಗಳನ್ನು ದೂರಿ ಸುಮ್ಮನಾಗುತ್ತಾರೆ. ಈತನು ಒಂದೊಂದೇ ಮೆಟ್ಟಿಲು ಕೆಳಗಿಳಿದನು: ೧೯೦೧ರಲ್ಲಿ ವಿದ್ಯುತ್ ಎಂಜಿನಿಯರಿಂಗಿನ ಮೂಲತತ್ತ್ವಗಳ ಪುಸ್ತಕ, ೧೯೧೧ರಲ್ಲಿ ಎಂಜಿನಿಯರರಿಗೆ ಬೇಕಾದ ಗಣಿತದ ಪುಸ್ತಕ. ಎರಡನೆಯದು ಸ್ಕೆನೆಕ್ಟಡಿಯ ಯೂನಿಯನ್ ಕಾಲೇಜಿನಲ್ಲಿ ಹೇಳಿದ ಪಾಠಗಳಿಂದ ಹುಟ್ಟಿದ್ದು. ಸಂಖ್ಯೆಯೆಂದರೇನು ಎಂಬಲ್ಲಿಂದಲೇ ಮೊದಲಾಗುತ್ತದೆ. ೧೯೦೨ರಲ್ಲಿ ಆ ಕಾಲೇಜಿನ ವಿದ್ಯುತ್ ಎಂಜಿನಿಯರಿಂಗ್ ವಿಭಾಗಕ್ಕೆ ಪ್ರಾಧ್ಯಾಪಕನಾಗಿ ಬಂದವನು ಕಂಪನಿಯ ಕೆಲಸದ ಜತೆಜತೆಗೇ ಪಾಠ ಹೇಳಿದನು. ಬ್ರೆಸ್ಲೌ ನಗರದಲ್ಲಿ ಕೈತಪ್ಪಿದ ಡಾಕ್ಟರ್ ಪದವಿಯನ್ನು ಗೌರವಾರ್ಥವಾಗಿ ನೀಡಿದ್ದೂ ಈ ಕಾಲೇಜೇ. ವಿದ್ಯಾರ್ಥಿಯ ನೆನಪಿನಲ್ಲಿ ವಿವರಗಳನ್ನು ತುಂಬುವ ಬೋಧನೆಯನ್ನು ಆತನು ಖಂಡಿಸಿದನು. ಮೂಲತತ್ತ್ವ ದೃಢವಾದರೆ ವಿವರ ತಾನಾಗಿ ಬರುವುದೆಂದನು. ಗ್ರೀಕ್ ಲ್ಯಾಟಿನ್ ಸಾಹಿತ್ಯಗಳ ವ್ಯಾಸಂಗವೂ ಎಂಜಿನಿಯರನಿಗೆ ಬೇಕೆಂದು ವಾದಿಸಿದನು.

ಊರಿನಲ್ಲಿ ೧೯೧೧ರಲ್ಲಿ ಸಮಾಜವಾದಿ ಪಕ್ಷದ ಜಾರ್ಜ್ ಲನ್ ಪುರಾಧ್ಯಕ್ಷನಾಗಿ ಆಯ್ಕೆಯಾದಮೇಲೆ ಸ್ಟೈನ್‌ಮೆಟ್ಸನು ವಿದ್ಯಾಮಂಡಲಿಯನ್ನು ಸೇರಿ ಅದರ ಅಧ್ಯಕ್ಷನಾದನು. ಪಠ್ಯಪುಸ್ತಕಗಳನ್ನು ಪುಕ್ಕಟೆಯಾಗಿ ಹಂಚುವುದು, ಶಾಲೆಯಲ್ಲಿ ಊಟ, ಮಕ್ಕಳ ಆರೋಗ್ಯ ನೋಡಲು ದಾದಿಯರು, ವಲಸೆ ಬಂದವರ ಮಕ್ಕಳಿಗೆ ಪ್ರತ್ಯೇಕ ತರಗತಿ, ಇವುಗಳನ್ನು ಏರ್ಪಡಿಸಿದನು. ದೊಡ್ಡ ಬಂಡವಾಳದ ಕಂಪನಿಯ ಸೇವೆಯಲ್ಲಿದ್ದು ಸಮಾಜವಾದಿಯಾಗಿರುವುದು ಹೇಗೆಂದು ಅಂದೂ ಜನ ಕೇಳುತ್ತಿದ್ದರು. ದೊಡ್ಡ ಕಂಪನಿಗಳ ಸಂಘಟನೆಯೇ ಮುಂದೆ ಸಹಕಾರದ ಸಮಾಜಕ್ಕೆ ದಾರಿಯಾಗುವುದೆಂದು ಆತನು ೧೯೧೬ರ ತನ್ನ ಗ್ರಂಥದಲ್ಲಿ ನಂಬಿಕೆಯಿಂದ ಬರೆದನು. ಆ ನಂಬಿಕೆಯನ್ನು ಚರಿತ್ರೆ ನಿಜಮಾಡಲಿಲ್ಲ. ವಲಸಿಗರ ಮಕ್ಕಳಿಗಾಗಿ ತೆರೆದ ತರಗತಿಯಾದರೋ ಆ ನಂಬಿಕೆಯ ಗೆಲುವನ್ನು ಕಾಯಬೇಕಾಗಿರಲಿಲ್ಲ.

೬

ತನ್ನ ಗೂನು ಮುಂದಿನ ಸಂತತಿಗೆ ಬರಬಾರದೆಂದು ಆತನು ಮದುವೆಯಾಗಲಿಲ್ಲ. ಪ್ರಯೋಗಶಾಲೆಯಲ್ಲಿ ಸಹಾಯಕನಾಗಿದ್ದ ಜೋಸೆಫ್ ಹೇಡನ್ ಎಂಬಾತನನ್ನು ದತ್ತುಮಗನನ್ನಾಗಿ ಸ್ವೀಕರಿಸಿ, ಆತನ ಹೆಂಡತಿ ಮಕ್ಕಳೊಡನೆ ಒಂದೇ ಮನೆಯಲ್ಲಿ ಅಜ್ಜನಾಗಿ ಬಾಳಿದನು. ಬೇಸಗೆಯಲ್ಲಿ ಊರಾಚೆಯ ತೊರೆಯ ಮೇಲೆ ದೋಣಿಗೆ ಅಡ್ಡಲಾಗಿ ಹಲಗೆ ಹಾಕಿಕೊಂಡು ಲೆಕ್ಕ ಮಾಡುತ್ತಿದ್ದನು. ೧೯೨೨ರಲ್ಲಿ ಪ್ರಯೋಗಶಾಲೆಯೊಳಗೆ ಕೃತಕವಾದ ಸಿಡಿಲನ್ನು ಹುಟ್ಟಿಸಿ, ತಂತಿಮಾರ್ಗಗಳನ್ನು ಸಿಡಿಲಿನಿಂದ ಕಾಪಾಡುವ ಸಾಧನಗಳನ್ನು ಪರೀಕ್ಷಿಸಿದಾಗ ಪತ್ರಿಕೆಗಳು ಆತನನ್ನು ಸಿಡಿಲನ್ನು ಪಳಗಿಸಿದ ಮಾಂತ್ರಿಕನೆಂದು ಕೊಂಡಾಡಿದವು. ಮರುವರ್ಷ, ೧೯೨೩ರ ಅಕ್ಟೋಬರ್ ೨೬ರಂದು, ಐವತ್ತೆಂಟನೆಯ ವಯಸ್ಸಿನಲ್ಲಿ ಹೃದಯ ನಿಂತು ತೀರಿಕೊಂಡನು.

ಮಾಂತ್ರಿಕನೆಂಬ ಆ ಬಿರುದು ಮತ್ತು ಸೀಮೆಸುಣ್ಣದ ಕಥೆ ಒಂದೇ ಮೂಸೆಯಲ್ಲಿ ಎರಕ ಹೊಯ್ದವು. ಮಂತ್ರ ಗುಟ್ಟಾಗಿದ್ದಷ್ಟು ಕಾಲ ಮಂತ್ರವಾಗಿರುತ್ತದೆ. ಸ್ಟೈನ್‌ಮೆಟ್ಸನು ತನ್ನ ಗುಟ್ಟನ್ನೆಲ್ಲ ಅಚ್ಚು ಹಾಕಿಸಿದನು. ಆತನ ಕಾಲದಲ್ಲಿ ಬೆರಗು ಹುಟ್ಟಿಸಿದ ೩ + ಜೆ೪ರ ಲೆಕ್ಕವನ್ನು ಇಂದು ನಮ್ಮ ನಾಡಿನ ಪಾಲಿಟೆಕ್ನಿಕ್ಕಿನ ಹುಡುಗನೂ ಹುಡುಗಿಯೂ ಆತನ ಹೆಸರನ್ನು ಕೇಳದೆಯೇ ಮಾಡಿ ಮುಗಿಸುತ್ತಾರೆ. ಉಪಾಧ್ಯಾಯನೊಬ್ಬನಿಗೆ ಇದಕ್ಕಿಂತ ದೊಡ್ಡ ಸಂಭಾವನೆಯನ್ನು ನಾನು ಕಾಣೆ.

ಕನ್ನಡದಲ್ಲಿ ಶಾಸ್ತ್ರವನ್ನು ಬರೆಯಲು ಪದಗಳಿಲ್ಲವೆಂಬ ಮಾತು ನಮ್ಮ ಸಭೆಗಳಲ್ಲಿ ಆಗಾಗ್ಗೆ ಏಳುತ್ತದೆ. ಪದಗಳನ್ನು ಟಂಕಿಸುವುದೂ ಬೇಕು, ಎರವಲು ತರುವುದೂ ಬೇಕು. ಆದರೆ ಎರಡನೆಯ ಭಾಷೆಯಲ್ಲಿ ಬರೆದ ಈ ವಲಸಿಗನ ಬಾಳಿನಿಂದ ನನಗೆ ತೋರುವ ಪಾಠ ಬೇರೊಂದು. ಓದುಗನು ನಿಂತಿರುವ ಮೆಟ್ಟಿಲಿಗೆ ಬರೆಯುವವನು ಇಳಿದುಬರಬೇಕು. ಇಳಿದು ಬಂದವನ ಕೈಯಲ್ಲಿ 'ಜೆ' ಎಂಬ ಒಂದಕ್ಷರವೂ ಸಾಕಾಯಿತು.